ಅಂಬುಜಾಕ್ಷಿ ಬೆಸೆದ ಗಿಂಡಿಗಳು

ಮಧ್ಯಾಹ್ನ ಊಟವಾದ ಮೇಲೆ ಅಂಬುಜಾಕ್ಷಿ ಕರ್ನಾಟಕಕ್ಕೆ ಹೋಗುತ್ತಿದ್ದಳು. ಕಾಶಿಯ ಹನುಮಾನ್ ಘಾಟಿನ ಹಿಂದಿನ ಗಲ್ಲಿಯ ಮನೆಯಲ್ಲಿ, ಕಿಟಕಿಯ ಪಕ್ಕದ ಚಾಪೆಯ ಮೇಲೆ ಮಗ್ಗುಲಾಗಿ ಸೆರಗನ್ನು ಮುಖಕ್ಕೆ ಎಳೆದುಕೊಂಡರೆ ಸಾಕು, ಹೊರಟಂತೆಯೇ. ಟಿಕೆಟ್ಟಿಲ್ಲ, ಗಂಟುಮೂಟೆಯಿಲ್ಲ. ತಾನು ಬಾಯಿ ಬೆಸೆದು ಕಳಿಸಿದ ತಾಮ್ರದ ಗಿಂಡಿಗಳು ಎಲ್ಲೆಲ್ಲಿಗೆ ಹೋಗಿವೆಯೋ ಅಲ್ಲಿಗೆಲ್ಲ ಅವಳೂ ಹೋಗುವಳು. ರಾಣೆಬೆನ್ನೂರಿನ ಒಂದು ದೇವರ ಗೂಡು. ತಿಪಟೂರಿನಲ್ಲಿ ಒಂದು ಬೀರುವಿನ ಮೇಲಿನ ಹಲಗೆ, ರೇಷ್ಮೆ ಸೀರೆಗಳ ಸಂದು. ಅರೆನಿದ್ದೆಯಲ್ಲಿ ಆ ಮನೆಗಳ ಬಾಗಿಲು ತಾವಾಗಿ ತೆರೆದುಕೊಳ್ಳುತ್ತಿದ್ದವು. ಯಾರು, ಎಲ್ಲಿಂದ ಬಂದಿರಿ ಎಂದು ಯಾರೂ ಕೇಳುತ್ತಿರಲಿಲ್ಲ. ಗಿಂಡಿಯನ್ನು ಒಮ್ಮೆ ನೋಡಿ, ಮುಟ್ಟದೆ, ಮುಂದಿನ ಊರಿಗೆ ನಡೆಯುವಳು. ಎಚ್ಚರವಾದಾಗ ಕಿಟಕಿಯ ಆಚೆ ಗಂಗೆ ಹರಿಯುತ್ತಿರುತ್ತಿದ್ದಳು, ಏನೂ ಆಗದವಳಂತೆ.

ಎಚ್ಚರದಲ್ಲಿ ಅವಳು ಕರ್ನಾಟಕ ನೋಡಿದ್ದು ಒಂದೇ ಸಲ, ಮದುವೆಯಾದ ಹೊಸದರಲ್ಲಿ, ಗಂಡ ವಿಶ್ವನಾಥನ ಊರಾದ ಲಕ್ಷ್ಮೇಶ್ವರಕ್ಕೆ. ಹುಟ್ಟಿದ್ದು ಇಲ್ಲೇ, ಯಾತ್ರಿಕರಿಗೆ ಶ್ರಾದ್ಧ ಮಾಡಿಸುವ ಪುರೋಹಿತರ ಮನೆಯಲ್ಲಿ. ಕನ್ನಡ ಅವಳಿಗೆ ಅಡುಗೆಮನೆಯ ಭಾಷೆ, ಅಪ್ಪನನ್ನು ಹುಡುಕಿಕೊಂಡು ಬರುವ ಅಪರಿಚಿತರ ಭಾಷೆ. ಹೊಸ್ತಿಲು ದಾಟಿದರೆ ಹಿಂದಿ. ವಿಶ್ವನಾಥ ವೇದ ಓದಲು ಬಂದವನು, ಅವಳ ಮನೆಯಲ್ಲಿ ವಾರಾನ್ನ ಉಂಡವನು, ಅಳಿಯನಾಗಿ ಅಲ್ಲೇ ಉಳಿದವನು. ಅವನು ತೀರಿಹೋದ ಮೇಲೆ ಮನೆ ನಡೆದದ್ದು ಗಿಂಡಿಗಳಿಂದ. ಮಗಳು ಸಾತ್ವಿಕಾ ಓದಿದ್ದೂ ಗಿಂಡಿಗಳಿಂದಲೇ. ಈಗ ಆಕೆ ಅದೇ ಊರಿನ ಲಂಕಾ ಬಡಾವಣೆಯ ಒಂದು ಕೋಚಿಂಗ್ ಸೆಂಟರಿನಲ್ಲಿ ಭೌತಶಾಸ್ತ್ರ ಹೇಳಿಕೊಡುತ್ತಾಳೆ. ಅಮ್ಮ ಕನ್ನಡದಲ್ಲಿ ಕೇಳಿದ್ದಕ್ಕೆ ಹಿಂದಿಯಲ್ಲಿ ಉತ್ತರ ಕೊಡುತ್ತಾಳೆ. ಸಿಟ್ಟು ಬಂದಾಗ ಮಾತ್ರ ಪೂರ್ತಿ ಕನ್ನಡ.

ಕಾಶಿಗೆ ಬಂದವರು ಗಂಗೆಯನ್ನು ಮನೆಗೆ ಒಯ್ಯುತ್ತಾರೆ. ಅಂಗೈಯಲ್ಲಿ ಕೂರುವಷ್ಟು ಗಿಂಡಿ. ನಸುಕಿನಲ್ಲಿ ದೋಣಿಯಲ್ಲಿ ಹೋಗಿ ನಡುನೀರು ತುಂಬಿ ತಂದು, ಬಾಯಿಗೆ ತಾಮ್ರದ ಬಿಲ್ಲೆ ಇಟ್ಟು, ಸುತ್ತ ತವರದ ಬೆಸುಗೆ ಹಾಕಬೇಕು. ಊರಿಗೆ ಹೋದವರು ಗಂಗೆಪೂಜೆ ಮಾಡಿ ನೆಂಟರಿಷ್ಟರಿಗೆ ಹಂಚುತ್ತಾರೆ. ಆಮೇಲೆ ಅದನ್ನು ಯಾರೂ ತೆರೆಯುವುದಿಲ್ಲ. ಮನೆಯಲ್ಲಿ ಒಬ್ಬರಿಗೆ ಕೊನೆಯ ಉಸಿರು ಬಂದಾಗ ಮಾತ್ರ ಬೆಸುಗೆ ಒಡೆದು, ಒಂದು ಉದ್ಧರಣೆ ನೀರನ್ನು ಬಾಯಿಗೆ ಬಿಡುತ್ತಾರೆ. ಹತ್ತು ವರ್ಷವೋ ಇಪ್ಪತ್ತು ವರ್ಷವೋ ಕತ್ತಲಲ್ಲಿ ಕಾಯುವ ನೀರು ಅದು.

ಅಂಬುಜಾಕ್ಷಿಯ ಬೆಸುಗೆಗೆ ಹೆಸರಿತ್ತು. ಮುಚ್ಚಿದ ಗಿಂಡಿಗಳನ್ನು ಅವಳು ಒಣಮರಳು ಹರವಿದ ತಟ್ಟೆಯ ಮೇಲೆ ತಲೆಕೆಳಗಾಗಿ ನಿಲ್ಲಿಸುತ್ತಿದ್ದಳು. ಮರುದಿನ ಮರಳು ನೆನೆದಿದ್ದರೆ ಆ ಗಿಂಡಿ ಮತ್ತೆ ಬೆಂಕಿಗೆ. ಒಣಗಿಯೇ ಇದ್ದರೆ ಕುಂಕುಮವಿಟ್ಟು ಕೊಡುವಳು. ಬಾಯಿ ತನ್ನ ಕೆಲಸ, ಬುಡದ ಬೆಸುಗೆ ಗಿಂಡಿ ಮಾಡಿದವನ ಕೆಲಸ. ಬುಡದ ಬಗ್ಗೆ ಅವಳು ಯೋಚಿಸಿದ್ದೇ ಇಲ್ಲ. ನಾವು ನಮ್ಮ ಪಾಲಿನದನ್ನು ಎಷ್ಟು ಚೆನ್ನಾಗಿ ಪರೀಕ್ಷಿಸುತ್ತೇವೆಂದರೆ, ಉಳಿದದ್ದೂ ಪರೀಕ್ಷೆಯಾಯಿತೆಂದೇ ನಂಬಿಬಿಡುತ್ತೇವೆ.

ಪ್ರಯಾಗದಲ್ಲಿ ಕುಂಭಮೇಳ ನಡೆದ ವರ್ಷ ಕರ್ನಾಟಕದ ಜನ ಬಸ್ಸುಗಟ್ಟಲೆ ಕಾಶಿಗೂ ಬಂದರು. ಆಗ ಠಠೇರಿ ಬಜಾರಿನ ಬೈಜನಾಥ ಕಸೇರಾ ಎಂಬ ಪಾತ್ರೆ ವ್ಯಾಪಾರಿಯಿಂದ ಅವಳು ಎಂದೂ ತರದಷ್ಟು ಗಿಂಡಿ ತಂದಳು, ಸಾಲದ ಮೇಲೆ. ಸೇಠ ಒಂದು ರುಕ್ಕಾ ಬರೆಸಿಕೊಂಡ. ಕೇಳಿದಾಗ ಕೊಡುತ್ತೇನೆ ಎಂಬ ವಾಗ್ದಾನದ ಚೀಟಿ ಅದು. ಸ್ಟಾಂಪಿನ ಮೇಲೆ ಅವಳು ಕನ್ನಡದಲ್ಲಿ ಸಹಿ ಹಾಕಿದಳು. ಗಿಂಡಿಗಳೆಲ್ಲ ಹೋದವು, ಒಂದು ಬುಟ್ಟಿಯಷ್ಟು ಮಾತ್ರ ಉಳಿದವು.

ಬೇಸಿಗೆಯ ಕೊನೆಯಲ್ಲಿ ದಾವಣಗೆರೆಯಿಂದ ಅಪೂರ್ವಾ ಎಂಬ ಹೆಣ್ಣುಮಗಳು ಫೋನ್ ಮಾಡಿದಳು. ಅವಳ ತಾಯಿ ತೀರಿಕೊಂಡಿದ್ದರು. ಕೊನೆಯ ಗಳಿಗೆಯಲ್ಲಿ, ಕುಂಭದ ಸಲ ಒಯ್ದಿದ್ದ ಗಿಂಡಿ ಒಡೆದರೆ ಒಳಗೆ ನೀರಿರಲಿಲ್ಲ. ತಳದಲ್ಲಿ ಸುಣ್ಣ ಬರೆದಂತೆ ಬಿಳಿಯ ಒಂದು ಉಂಗುರ, ಅಷ್ಟೇ. ನಲ್ಲಿಯ ನೀರನ್ನೇ ಬಿಟ್ಟರಂತೆ. ಹುಡುಗಿ ಬೈಯಲಿಲ್ಲ. ಬೈದಿದ್ದರೆ ಅಂಬುಜಾಕ್ಷಿಗೆ ಹಗುರವಾಗುತ್ತಿತ್ತು.

"ಆಂಟೀ, ಗಂಗೆ ಒಣಗತ್ತಾ?" ಎಂದಳು, ನಿಜವಾಗಿಯೂ ತಿಳಿದುಕೊಳ್ಳಬೇಕೆಂಬ ದನಿಯಲ್ಲಿ.

ಅಂಬುಜಾಕ್ಷಿ ಬುಟ್ಟಿಯಲ್ಲಿ ಉಳಿದಿದ್ದವಕ್ಕೆ ನೀರು ತುಂಬಿ, ಬೆಸೆದು, ಮರಳಿನ ಮೇಲೆ ಈ ಸಲ ನೆಟ್ಟಗೆ ನಿಲ್ಲಿಸಿದಳು. ಬಾಯಿಗಳು ಭದ್ರವಾಗಿದ್ದವು. ಕೆಲವುಗಳ ಬುಡದ ಸುತ್ತ, ಒಂದೆರಡು ದಿನ ಕಳೆದ ಮೇಲೆ, ಮರಳು ಕಪ್ಪಾಯಿತು.

ಸೇಠನ ಅಂಗಡಿಗೆ ಹೋಗಿ ಹೇಳಿದಳು. ಅವನು ಚಹಾ ತರಿಸಿಕೊಟ್ಟ. ಗಂಗಾಮಾತೆ ಅಲ್ಲವೇ ಮಾತಾಜಿ, ಇಷ್ಟ ಇದ್ದಲ್ಲಿ ಇರುತ್ತಾಳೆ, ಇಲ್ಲದಲ್ಲಿ ಎದ್ದು ಹೋಗುತ್ತಾಳೆ ಎಂದು ನಕ್ಕ. ಆ ನಗುವಿನ ಮೇಲೆ ಅವಳು ಉಳಿದ ಹಣ ಕೊಡುವುದನ್ನು ನಿಲ್ಲಿಸಿದಳು, ಲಕ್ಷದ ಮೇಲೆ ಎಂಬತ್ತು ಸಾವಿರ. ಊರುಗಳಿಗೆ ಮಾತ್ರ ಯಾರಿಗೂ ಫೋನ್ ಮಾಡಲಿಲ್ಲ. ಎಲ್ಲವೂ ಸೋರಿರಲಾರವು ಎಂದುಕೊಂಡಳು. ಮಧ್ಯಾಹ್ನಗಳಲ್ಲಿ ಕರ್ನಾಟಕಕ್ಕೆ ಹೋಗುವುದು ಈಗ ಕಷ್ಟವಾಯಿತು. ಬಾಗಿಲುಗಳು ಮೊದಲಿನಂತೆಯೇ ತೆರೆಯುತ್ತಿದ್ದವು, ಆದರೆ ಗೂಡುಗಳಲ್ಲಿ ಗಿಂಡಿಗಳು ಹಕ್ಕಿಯ ಗರಿಯಂತೆ ಅಲುಗುತ್ತಿದ್ದವು.

ಚಳಿಗಾಲ ಬಂತು. ಎದುರು ದಡ ಮಂಜಿನಲ್ಲಿ ಇಲ್ಲವಾದ ಒಂದು ಬೆಳಿಗ್ಗೆ ಲಕ್ಷ್ಮೇಶ್ವರದಿಂದ ಸುದ್ದಿ ಬಂತು. ಗಂಡನ ದಾಯಾದಿ ಶಾಮ ತೀರಿಕೊಂಡಿದ್ದ. ಹತ್ತು ದಿನ ಸೂತಕ. ಅವಳು ತಣ್ಣೀರು ಸ್ನಾನ ಮಾಡಿ, ಬೆಸುಗೆಯ ಸಾಮಾನನ್ನು ಮೂಲೆಗೆ ಸರಿಸಿದಳು. ಅದೇ ದಿನ ಕೋರ್ಟಿನ ಜವಾನ ಸೇಠನ ದಾವೆಯ ಸಮನ್ಸ್ ಹಿಡಿದು ಬಾಗಿಲಿಗೆ ಬಂದ. ಅವಳು ಒಳಗಿನಿಂದಲೇ, ಸೂತಕ ಇದೆ ಭೈಯ್ಯಾ, ಕಾಗದ ಮುಟ್ಟುವಂತಿಲ್ಲ, ಸಹಿ ಹಾಕುವಂತಿಲ್ಲ ಎಂದಳು. ಅವನು ಬನಾರಸಿನವನು, ಇಂಥದ್ದು ತಿಳಿಯದವನಲ್ಲ. ಹಾಗಾದರೆ ಮುಟ್ಟಲೇಬೇಡಿ ಮಾತಾಜಿ ಎಂದು ಕೈಮುಗಿದು, ಕಾಗದವನ್ನು ಹೊಸ್ತಿಲ ಆಚೆ ಇಟ್ಟು ಮೇಲೊಂದು ಕಲ್ಲು ಹೇರಿ ಹೋದ. ಹೋಗಿ ತನ್ನ ವರದಿಯಲ್ಲಿ, ತೆಗೆದುಕೊಳ್ಳಲು ನಿರಾಕರಿಸಿದರು ಎಂದು ಬರೆದ. ಅದೂ ಸುಳ್ಳಲ್ಲ.

ಅಂಬುಜಾಕ್ಷಿಗೆ ಎಲ್ಲವೂ ಸರಿಯಾಗಿಯೇ ಕಂಡಿತು. ಸಾವಿನ ಮನೆಯನ್ನು ಯಾರೂ ಕರೆಯುವುದಿಲ್ಲ. ಕೋರ್ಟು ಬಂತು, ತಿಳಿದುಕೊಂಡಿತು, ಹಿಂದಕ್ಕೆ ಹೋಯಿತು. ಕಾಗದವನ್ನು ಕೋಲಿನಿಂದ ಒಳಗೆಳೆದು ಒಲೆಯ ಹಿಂದಿನ ಗೂಡಿಗೆ ತಳ್ಳಿದಳು. ಮಗಳಿಗೆ ಹೇಳುವ ಅಗತ್ಯವೂ ಕಾಣಲಿಲ್ಲ. ಸೂತಕ ಕಳೆಯಿತು. ಹದಿಮೂರನೆಯ ದಿನದ ಶುಭಸ್ವೀಕಾರ ಆಗುವತನಕ ಹೊಸ ವ್ಯವಹಾರ ಬೇಡವೆಂದು ಅದನ್ನೂ ಕಳೆದಳು. ಆ ದಿನಗಳಲ್ಲಿ ಅವಳಿಗೆ ಒಂದು ಬಗೆಯ ನೆಮ್ಮದಿಯಿತ್ತು. ಯಾರಿಗೂ ಏನೂ ಹೇಳಬೇಕಾಗಿಲ್ಲದವರ ನೆಮ್ಮದಿ.

ಆಮೇಲೆ ಸಾತ್ವಿಕಾ ಕಾಗದ ಓದಿದಳು. ಓದುತ್ತ ಓದುತ್ತ ಪೂರ್ತಿ ಕನ್ನಡಕ್ಕೆ ಬಂದಳು.

"ಅಮ್ಮಾ, ಹತ್ತು ದಿನದಲ್ಲಿ ಹೋಗಬೇಕಿತ್ತು. ಮುಗಿದೋಗಿದೆ. ನೀನು ಸೂತಕ ಕಾಯ್ತಾ ಕೂತೆ, ಅವರು ದಿನ ಎಣಿಸ್ತಾ ಕೂತರು."

ಕಚಹರಿಯಲ್ಲಿ, ಕೋರ್ಟಿನ ಅಂಗಳದ ತಗಡಿನ ಚಪ್ಪರದಡಿ ಕೂರುವ ವಕೀಲ ರಾಮಜಿಯಾವನ ಮೌರ್ಯ ಕಾಗದವನ್ನು ಮೂಗಿನ ಹತ್ತಿರ ಹಿಡಿದು ನೋಡಿದ. ಇದು ಸಾಮಾನ್ಯ ದಾವೆಯಲ್ಲ ಎಂದ. ರುಕ್ಕಾದಂಥ ಬರಹದ ಮೇಲೆ ಹಾಕುವ ಸಂಕ್ಷಿಪ್ತ ದಾವೆ. ಸಾಮಾನ್ಯ ದಾವೆಯಲ್ಲಿ ಎದುರಿನವರು ಬಂದು ತಮ್ಮ ಉತ್ತರ ಕೊಟ್ಟೇ ಕೊಡಬಹುದು. ಇದರಲ್ಲಿ ಹಾಗಿಲ್ಲ. ಮೊದಲು ಹತ್ತು ದಿನದೊಳಗೆ ಹೋಗಿ, ನಾನು ಇದ್ದೇನೆ ಎನ್ನಬೇಕು. ಆಮೇಲೆ ವಾದಿ ಎರಡನೆಯ ಕಾಗದ ಕಳಿಸುತ್ತಾನೆ. ಅದು ಬಂದ ಹತ್ತು ದಿನದೊಳಗೆ, ನನಗೆ ಹೇಳುವುದಿದೆ, ಹೇಳಲು ಅನುಮತಿ ಕೊಡಿ ಎಂದು ಕೇಳಬೇಕು. ಏನು ಹೇಳುವುದಿದೆ ಎಂಬುದನ್ನು ಪ್ರಮಾಣ ಮಾಡಿ ಬರೆದುಕೊಡಬೇಕು. ಎರಡರಲ್ಲಿ ಒಂದು ತಪ್ಪಿದರೂ ಸೇಠ ಹೇಳಿದ್ದೇ ಸತ್ಯ.

"ಇಂಥ ದಾವೆಯಲ್ಲಿ ಪ್ರತಿವಾದಿಗೆ ಬಾಯಿ ಇರೋದಿಲ್ಲ ಮಾತಾಜಿ," ಎಂದು ಮುಗಿಸಿದ. "ಬಾಯಿ ಬೇಕು ಅಂತ ಅರ್ಜಿ ಹಾಕಬೇಕು."

ಸಕಾರಣವಿದ್ದರೆ ತಡವನ್ನು ಮನ್ನಿಸುವ ಅಧಿಕಾರ ನ್ಯಾಯಾಲಯಕ್ಕಿದೆ ಎಂದು ಅವನು ಮೊದಲು ಅದಕ್ಕೇ ಅರ್ಜಿ ಹಾಕಿದ. ಆ ದಿನ ಕೋರ್ಟಿನ ಕಿಟಕಿಗಳಲ್ಲೂ ಮಂಜು ನಿಂತಿತ್ತು. ದೀಪ ಹಚ್ಚಿದ್ದರು. ನ್ಯಾಯಾಧೀಶೆ ಶಾಲು ಹೊದ್ದು ಕೂತಿದ್ದರು. ಸೇಠನ ವಕೀಲ ಎದ್ದು ನಿಂತು, ಸತ್ತವನು ಸಾವಿರಾರು ಮೈಲಿ ದೂರದವನು, ಈಕೆ ಅವನ ಮುಖ ನೋಡಿ ದಶಕಗಳೇ ಆಗಿವೆ ಎಂದ. ಸೂತಕ ಒಂದು ಕಾರಣವಾಗುವುದಾದರೆ, ಮಣಿಕರ್ಣಿಕೆಯಲ್ಲಿ ಬೆಂಕಿ ಆರದ ಈ ಊರಿನಲ್ಲಿ ಯಾವ ಕೋರ್ಟೂ ಬಾಗಿಲು ತೆರೆಯುವಂತಿಲ್ಲ ಎಂದ. ಹಿಂದಿನ ಬೆಂಚುಗಳಲ್ಲಿ ನಗು ಹರಿಯಿತು. ಸೂತಕವೆಂದು ಬಾಗಿಲಿಗೆ ಬಂದವನಿಗೆ ಹೇಳಿದಿರಾ ಎಂದು ನ್ಯಾಯಾಧೀಶೆ ಅಂಬುಜಾಕ್ಷಿಯನ್ನು ಕೇಳಿದರು.

"ಹೇಳಿದೆ. ಅವನು ಕೈಮುಗಿದ," ಎಂದಳು ಅಂಬುಜಾಕ್ಷಿ. "ನಾನು ಕೋರ್ಟೇ ಕೈಮುಗಿಯಿತು ಅಂದುಕೊಂಡೆ."

ಈ ಸಲದ ನಗು ಬೇರೆಯ ತರಹದ್ದು. ನ್ಯಾಯಾಧೀಶೆ ನಗಲಿಲ್ಲ. ಕೋರ್ಟಿನ ದಿನಗಳು ಯಾರ ಸೂತಕಕ್ಕೂ ನಿಲ್ಲುವುದಿಲ್ಲ, ಇದೊಂದು ಸಲ ಮನ್ನಿಸಿದ್ದೇನೆ, ಎರಡನೆಯ ಹತ್ತು ದಿನಗಳಲ್ಲಿ ಸಾಯುವವರಿದ್ದರೆ ಮೊದಲೇ ವಕೀಲರಿಗೆ ತಿಳಿಸಿ ಎಂದರು.

ಎರಡನೆಯ ಕಾಗದ ಬಂತು. ಈಗ ಸೂತಕವೂ ಇರಲಿಲ್ಲ, ನೆಪವೂ ಇರಲಿಲ್ಲ. ಏನು ಬರೆಯಬೇಕೆಂಬುದೇ ಉಳಿದದ್ದು. ಗಿಂಡಿಗಳ ಬುಡ ಸೋರುತ್ತಿತ್ತು, ಅವು ನೀರಿಲ್ಲದೆ ಮನೆಗಳನ್ನು ಸೇರಿವೆ ಎಂದು ಪ್ರಮಾಣ ಮಾಡಿ ಬರೆಯಬೇಕು. ಬರೆದದ್ದನ್ನು ಯಾರು ಬೇಕಾದರೂ ಓದಬಹುದು. ಯಾತ್ರಿಕರನ್ನು ಕರೆತರುವ ಪುರೋಹಿತರ ಕಿವಿಗೆ ಸಂಜೆಯೊಳಗೆ ಬೀಳುತ್ತದೆ. ಆಮೇಲೆ ಅವಳ ಬೆಸುಗೆಯನ್ನು ಯಾರು ಕೇಳುತ್ತಾರೆ? ಅದಕ್ಕಿಂತ ಹೆಚ್ಚಾಗಿ, ಊರೂರುಗಳಲ್ಲಿ ಗಿಂಡಿ ನೋಡಿಕೊಂಡು ನಿಶ್ಚಿಂತೆಯಿಂದ ಮಲಗುವ ಮುದುಕರು ನೆನಪಾದರು. ತುಂಬಿದೆ ಎಂದು ಅವರು ನಂಬಿರುವವರೆಗೆ ಅದು ತುಂಬಿಯೇ ಇದೆಯಲ್ಲ?

ಇದನ್ನು ಸೇಠನೂ ಬಲ್ಲ. ಒಂದು ಸಂಜೆ ಅವನೇ ಬಂದ. ಗಲ್ಲಿಯ ಮೆಟ್ಟಿಲು ಏರಿ ಬಂದ ಏದುಸಿರಿನಲ್ಲಿ ಜಗಲಿಯ ಮೇಲೆ ಕೂತು, ದಾವೆ ಹಾಕಿದ್ದು ತನ್ನ ಮಗ ಎಂದ. ಹಣವನ್ನು ಸ್ವಲ್ಪ ಸ್ವಲ್ಪವಾಗಿ ವರ್ಷಗಟ್ಟಲೆ ಕೊಡಿ, ಬಡ್ಡಿ ಬೇಡ, ಅರ್ಜಿ ಮಾತ್ರ ಹಾಕಬೇಡಿ ಎಂದ. ದನಿ ತಗ್ಗಿಸಿ, ಕೋರ್ಟಿನಲ್ಲಿ ಗಿಂಡಿ ಒಡೆದರೆ ನನ್ನ ತಾಮ್ರವೂ ಹೋಗುತ್ತದೆ, ನಿಮ್ಮ ಗಂಗೆಯೂ ಹೋಗುತ್ತಾಳೆ ಎಂದ. ಅವನ ಮಾತಿನಲ್ಲಿ ಕೆಡುಕಿರಲಿಲ್ಲ. ಅದೇ ಅವಳನ್ನು ಕಂಗೆಡಿಸಿದ್ದು. ಯೋಚಿಸುತ್ತೇನೆ ಎಂದಳು. ಅವನು ಹೋದ ಮೇಲೆ, ಒಪ್ಪಿಕೊಳ್ಳೋಣವೇ ಎಂದು ಮಗಳನ್ನು ಕೇಳಿದಳು. ಸಾತ್ವಿಕಾ ತನ್ನ ವಿದ್ಯಾರ್ಥಿಗಳ ಉತ್ತರಪತ್ರಿಕೆಗಳಿಂದ ತಲೆಯೆತ್ತದೆ, ನಿನ್ನ ಗಿಂಡಿ, ನಿನ್ನ ಮರ್ಜಿ ಎಂದು ಹಿಂದಿಯಲ್ಲಿ ಹೇಳಿದಳು.

ಮರುದಿನ ಮಧ್ಯಾಹ್ನ ಅಂಬುಜಾಕ್ಷಿ ಬಹಳ ದಿನಗಳ ಮೇಲೆ ದೂರ ಹೋದಳು. ಯಾವ ಊರೋ ತಿಳಿಯಲಿಲ್ಲ. ಕೆಂಪು ಗಾರೆಯ ನೆಲದ ಮನೆ. ನೆಲವೆಲ್ಲ ತಣ್ಣಗೆ ಹೊಳೆಯುತ್ತಿತ್ತು, ಈಗಷ್ಟೇ ನದಿಯೊಂದು ಒಳಗೆ ಬಂದು ಹೊರಟುಹೋದ ಹಾಗೆ. ನಡುಮನೆಯಲ್ಲಿ ಯಾರನ್ನೋ ಮಲಗಿಸಿದ್ದರು. ಪಕ್ಕದಲ್ಲಿ ಒಬ್ಬ ಹೆಂಗಸು ಉದ್ಧರಣೆ ಹಿಡಿದು ಕೂತಿದ್ದಳು. ಗಿಂಡಿಯನ್ನು ಬಗ್ಗಿಸಿಯೇ ಇದ್ದಳು. ನೀರು ಬೀಳುತ್ತಿರಲಿಲ್ಲ. ಆದರೆ ಅವಳು ಗಿಂಡಿಯನ್ನು ಕೆಳಗಿಡಲಿಲ್ಲ, ಬೇರೆ ನೀರು ತರಲು ಏಳಲೂ ಇಲ್ಲ. ಗಂಗೆ ದೂರದಿಂದ ಬರಬೇಕಲ್ಲ, ಬರುತ್ತಾಳೆ ಎಂದು ಸಮಾಧಾನದಿಂದ ಕಾಯುತ್ತಿದ್ದಳು. ಮಲಗಿದವರ ತುಟಿ ಸ್ವಲ್ಪ ತೆರೆದಿತ್ತು. ಬಾಗಿಲಲ್ಲಿ ನಿಂತ ಅಂಬುಜಾಕ್ಷಿ ಒಂದು ಮಾತು ಹೇಳಿದರೆ ಸಾಕು, ಹೆಂಗಸು ಎದ್ದು ಹೋಗಿ ಹಂಡೆಯ ನೀರನ್ನಾದರೂ ತರುತ್ತಿದ್ದಳು. ಅಂಬುಜಾಕ್ಷಿ ಹೇಳಲು ಹೋದಳು. ದನಿ ಬರಲಿಲ್ಲ.

ಎದ್ದವಳೇ ಮುಖ ತೊಳೆದು, ಆಟೋ ಹಿಡಿದು ಕಚಹರಿಗೆ ಹೋದಳು.

ಮೌರ್ಯ ವಕೀಲ ಪ್ರಮಾಣಪತ್ರ ಬರೆಯುತ್ತ, ಸರಕಿನಲ್ಲಿ ದೋಷವಿತ್ತು ಎಂದರೆ ಸಾಕು, ಸಾವಿನ ಮನೆಯ ಕತೆ ಬೇಡ ಎಂದ. ಅವಳು ಬೇಕು ಎಂದಳು. ಅಪೂರ್ವಾಳ ಫೋನು, ತಳದ ಬಿಳಿಯ ಉಂಗುರ, ಕಪ್ಪಾದ ಮರಳು, ಸೇಠನ ಚಹಾ ಎಲ್ಲ ಬರೆಸಿದಳು. ತಾನು ಗಿಂಡಿಗಳನ್ನು ಇಷ್ಟು ವರ್ಷ ತಲೆಕೆಳಗಾಗಿಯೇ ನಿಲ್ಲಿಸಿ ನೋಡುತ್ತಿದ್ದೆ, ಬುಡ ನೋಡಲಿಲ್ಲ ಎಂಬುದನ್ನೂ ಬರೆಸಿದಳು. ಮೌರ್ಯ ಪೆನ್ನು ಕೆಳಗಿಟ್ಟ. ಮಾತಾಜಿ, ಇದನ್ನು ಎದುರಿನವರ ವಕೀಲ ಬರೆಸಬೇಕಾದದ್ದು, ಅವನ ಫೀಸನ್ನೂ ನನಗೇ ಕೊಡಿ ಎಂದ. ಬರೆದ.

ವಿಚಾರಣೆಯ ದಿನ ಸೇಠನ ವಕೀಲ ಅದನ್ನೇ ಎತ್ತಿ ಹಿಡಿದ. ಪರೀಕ್ಷೆ ಮಾಡಿಯೇ ಒಪ್ಪಿಕೊಂಡಿದ್ದಾರೆ, ಮಾರಿ ಹಣ ತೆಗೆದುಕೊಂಡಿದ್ದಾರೆ ಎಂದ. ಬುಡದ ಬೆಸುಗೆ ಬಿಟ್ಟದ್ದು ಇವರು ಬಾಯಿಗೆ ಕೊಟ್ಟ ಕಾವಿನಿಂದ ಎಂದ. ಇದೆಲ್ಲ ಕಟ್ಟುಕತೆ, ಆದರೂ ಕೇಳಲೇಬೇಕೆಂದಿದ್ದರೆ ಮೊದಲು ದಾವೆಯ ಪೂರ್ತಿ ಹಣವನ್ನು ಕೋರ್ಟಿನಲ್ಲಿಟ್ಟು ಆಮೇಲೆ ಮಾತಾಡಲಿ ಎಂದ. ಸಾತ್ವಿಕಾ ಅಮ್ಮನ ಕೈ ಹಿಡಿದಳು. ಅಷ್ಟು ಹಣ ಇಡಬೇಕೆಂದರೆ ಗಲ್ಲಿಯ ಮನೆಯನ್ನು ಅಡವಿಡಬೇಕಿತ್ತು.

ಅನುಮತಿ ಕೊಡಲು ಇವರು ಗೆಲ್ಲುತ್ತಾರೆ ಎಂದು ತೋರಿಸಬೇಕಾಗಿಲ್ಲ, ಕೇಳಬೇಕಾದ ಒಂದು ಪ್ರಶ್ನೆ ಇದೆ ಎಂದು ತೋರಿಸಿದರೆ ಸಾಕು ಎಂದು ಮೌರ್ಯ ವಾದಿಸಿದ. ನ್ಯಾಯಾಧೀಶೆ ಪ್ರಮಾಣಪತ್ರವನ್ನು ಎರಡು ಸಲ ಓದಿದರು. ಆಮೇಲೆ ಕನ್ನಡಕ ತೆಗೆದು ಅಂಬುಜಾಕ್ಷಿಯನ್ನು ನೋಡಿದರು.

"ನಿಮ್ಮ ಬೆಸುಗೆ ಕಬ್ಬಿಣದ ಕಾವಿಗೇ ಬುಡ ಬಿಟ್ಟಿರಬಹುದಲ್ಲ?"

"ಇರಬಹುದು," ಎಂದಳು ಅಂಬುಜಾಕ್ಷಿ.

ಮೌರ್ಯ ಕಣ್ಣು ಮುಚ್ಚಿಕೊಂಡ.

"ನನಗೆ ಗೊತ್ತಿಲ್ಲ," ಎಂದು ಅವಳು ಮುಂದುವರಿಸಿದಳು. "ಇಷ್ಟು ವರ್ಷ ಅದೇ ಕಬ್ಬಿಣ, ಅದೇ ಕಾವು. ಬೇರೆಯವರಿಂದ ತಂದ ಗಿಂಡಿ ಒಂದೂ ಹೀಗಾಯಿತೆಂದು ಯಾರೂ ಹೇಳಿರಲಿಲ್ಲ. ಆದರೂ ನನ್ನಿಂದಲೇ ಆಗಿದ್ದರೆ ನನಗೆ ತಿಳಿಯಬೇಕು. ಸೇಠರಿಂದ ಆಗಿದ್ದರೆ ಅವರಿಗೂ ತಿಳಿಯಬೇಕು. ಸುಮ್ಮನೆ ಹಣ ಕೊಟ್ಟುಬಿಟ್ಟರೆ ಇಬ್ಬರಿಗೂ ತಿಳಿಯೋದಿಲ್ಲ."

ಎಲ್ಲೋ ಟೈಪು ಮಾಡುವ ಸದ್ದು. ಕಾರಣ ಯಾರೆಂದು ತನಗೂ ಗೊತ್ತಿಲ್ಲ, ಗೊತ್ತಿಲ್ಲದ್ದನ್ನು ವಿಚಾರಿಸಿಯೇ ತಿಳಿಯಬೇಕು ಎಂದು ನ್ಯಾಯಾಧೀಶೆ ಹೇಳಿ ಆದೇಶ ಬರೆಸಿದರು. ಪ್ರತಿವಾದಿಗೆ ದಾವೆಯನ್ನು ಎದುರಿಸಲು ಅನುಮತಿ ಇದೆ. ಹಣ ಇಡಬೇಕಾಗಿಲ್ಲ. ಅದೇ ಸರಕಿನ, ಬೆಸುಗೆ ಒಡೆಯದ ಗಿಂಡಿಗಳು ಎಲ್ಲಾದರೂ ಇದ್ದರೆ ಸಾಕ್ಷ್ಯಕ್ಕೆ ತರಿಸಬಹುದು.

ಗೆದ್ದೆವಾ ಎಂದು ಅಂಬುಜಾಕ್ಷಿ ಹೊರಗೆ ಬಂದು ಕೇಳಿದಳು. ಇಲ್ಲ, ಈಗ ಶುರುವಾಯಿತು ಎಂದ ಮೌರ್ಯ. ಸೇಠ ಮೆಟ್ಟಿಲ ಬಳಿ ನಿಂತಿದ್ದವನು ಅವಳ ಕಡೆ ನೋಡದೆ ನಮಸ್ಕಾರ ಮಾಡಿದ. ಅವಳೂ ಮಾಡಿದಳು. ಸುದ್ದಿ ಅವರಿಗಿಂತ ಮೊದಲೇ ಹನುಮಾನ್ ಘಾಟ್ ತಲುಪಿತ್ತು. ಆ ವಾರ ಬರಬೇಕಾಗಿದ್ದ ಎರಡು ಯಾತ್ರೆಯ ತಂಡಗಳು ಗಿಂಡಿಗೆ ಬೇರೆ ಕಡೆ ಹೇಳಿಕೊಂಡವು. ಅವಳು ಅದನ್ನು ನಿರೀಕ್ಷಿಸಿದ್ದಳು. ಆದರೂ ನೋವಾಯಿತು.

ಫೋನ್ ಮಾಡುವ ಕೆಲಸ ಉಳಿದಿತ್ತು. ಅಂಬುಜಾಕ್ಷಿಯ ಮೊಬೈಲಿನಲ್ಲಿ ಯಾತ್ರಿಕರು ಊರಿನ ಹೆಸರಿನಿಂದಲೇ ಇದ್ದರು. ತಿಪಟೂರು ಟೀಚರ್, ರಾಣೆಬೆನ್ನೂರು ಬಳೆ ಅಂಗಡಿ, ಗಜೇಂದ್ರಗಡ ಅಜ್ಜ. ಎಲ್ಲಿಂದ ಆರಂಭಿಸುವುದೆಂದು ತಿಳಿಯದೆ ಎಲ್ಲರಿಗಿಂತ ಹಿರಿಯರಿಂದ ಆರಂಭಿಸಿದಳು. ಗಜೇಂದ್ರಗಡದ ಅನ್ನದಾನಯ್ಯ, ಕುಂಭದ ವರ್ಷ ಮೊಮ್ಮಕ್ಕಳೊಂದಿಗೆ ಬಂದಿದ್ದ ಜವಳಿ ವ್ಯಾಪಾರಿ, ತನಗೆಂದೇ ಒಂದು ಗಿಂಡಿ ಒಯ್ದಿದ್ದರು. ಅವಳು ಮಾತು ಕೂಡಿಸಿಟ್ಟುಕೊಂಡಿದ್ದಳು. ಹೇಳುತ್ತ ಹೋದಂತೆ ಎಲ್ಲ ಚೆಲ್ಲಾಪಿಲ್ಲಿಯಾಯಿತು. ಬುಡ, ಮರಳು, ಕೋರ್ಟು, ಸೂತಕ. ಕೊನೆಗೆ, ನಿಮ್ಮ ಗಿಂಡಿಯಲ್ಲಿ ನೀರಿರಲಿಕ್ಕಿಲ್ಲ, ತಪ್ಪಾಯಿತು ಎಂದಳು.

ಆ ಕಡೆ ಮುದುಕರು ಕೆಮ್ಮಿದರು.

"ನನಗ ಗೊತ್ತೈತ್ರೀ ಅಮ್ಮಾರ. ದೀಪಾವಳಿಗೆ ಧೂಳ ಒರಸೂಮುಂದ ಅಲುಗಾಡಿಸಿ ನೋಡಿದ್ದೆ. ಸಪ್ಪಳಾನ ಇಲ್ಲ. ಪಾಪ, ಅಷ್ಟ ಚಂದ ಬೆಸಿಗಿ ಹಾಕಿ ಕೊಟ್ಟಾರ, ಅವರಿಗೆ ಹ್ಯಾಂಗ ಹೇಳೂದು ಅಂತ ಸುಮ್ಮನಿದ್ದೆ."

ಕಿಟಕಿಯಾಚೆ ದೋಣಿಯವನೊಬ್ಬ ಯಾರನ್ನೋ ಕೂಗುತ್ತಿದ್ದ.

"ಕೋರ್ಟಿಗೆ ಬೇಕಂದ್ರ ನಾನ ತಗೊಂಡು ಬರ್ತೀನಿ," ಎಂದರು ಅನ್ನದಾನಯ್ಯ. "ಹ್ಯಾಂಗೂ ಬ್ಯಾರೆ ನೀರು ಬೇಕಲ್ರೀ. ಅವಸರ ಮಾಡಬ್ಯಾಡ್ರಿ, ನನಗಿನ್ನೂ ಟೈಮ್ ಐತಿ."